ಕಂಠದಾನ: ನಟ ಗೆರ್ಟ್ ಫ್ರೋಬೆ ಪ್ರಕರಣ

ಬಂಗಾರದ ಬಣ್ಣಕ್ಕೆ ಹೊಳೆಯುವ ಮೇಜಿನ ಮೇಲೆ ಜೇಮ್ಸ್ ಬಾಂಡ್ ಅಂಗಾತ ಮಲಗಿದ್ದಾನೆ. ಕೈಕಾಲು ಕಟ್ಟಿಹಾಕಿದ್ದಾರೆ. ಮೇಲಿನಿಂದ ಇಳಿದ ಕೆಂಪು ಲೇಸರ್ ಗೆರೆ ಲೋಹವನ್ನು ಸೀಳುತ್ತಾ ಅವನ ಎರಡೂ ಕಾಲುಗಳ ನಡುವೆ ನಿಧಾನವಾಗಿ ಮೇಲಕ್ಕೆ ಬರುತ್ತಿದೆ. ‘ನಾನು ಬಾಯಿ ಬಿಡುತ್ತೇನೆಂದು ಕಾಯುತ್ತಿದ್ದೀಯಾ?’ ಎಂದು ಬಾಂಡ್ ಕೇಳುತ್ತಾನೆ. ಆಗಲೇ ಹೊರಟಿದ್ದ ದಢೂತಿ ಆಸಾಮಿ ತಿರುಗಿ, ಇಲ್ಲ, ನೀನು ಸಾಯಲೆಂದು ಕಾಯುತ್ತಿದ್ದೇನೆ ಎನ್ನುತ್ತಾನೆ. ಹೇಳುವ ಬಗೆ ಹೇಗೆಂದರೆ, ಒಳ್ಳೆಯ ವ್ಯಾಪಾರ ಕುದುರಿಸಿಕೊಂಡು ಸಂತೆಯಿಂದ ಮನೆಗೆ ಹೊರಟ ದಲ್ಲಾಳಿಯ ಹಾಗೆ.

1964ರಲ್ಲಿ ತೆರೆಕಂಡ ‘ಗೋಲ್ಡ್‌ಫಿಂಗರ್’ ಚಿತ್ರದ ಈ ಮಾತು ಬಾಂಡ್ ಅಭಿಮಾನಿಗಳಿಗೆಲ್ಲ ಬಾಯಿಪಾಠ. ಇಯಾನ್ ಫ್ಲೆಮಿಂಗ್ ಬರೆದ ಕಾದಂಬರಿಯಲ್ಲಿ ಲೇಸರ್ ಇರಲಿಲ್ಲ, ಗಿರ್ರನೆ ತಿರುಗುವ ಗರಗಸವಿತ್ತು. ಚಿತ್ರೀಕರಣದ ದಿನವೂ ಲೇಸರ್ ಇರಲಿಲ್ಲ. ಮೇಜಿನ ಅಡಿಯಲ್ಲಿ ಕುಳಿತ ತಂತ್ರಜ್ಞನೊಬ್ಬ ಗ್ಯಾಸ್ ಜ್ವಾಲೆಯಿಂದ ಲೋಹವನ್ನು ಕತ್ತರಿಸುತ್ತಾ ಬಂದ, ಕೆಂಪು ಗೆರೆಯನ್ನು ಆಮೇಲೆ ಕೂಡಿಸಿದರು. ಸಿನಿಮಾ ಎಂದ ಮೇಲೆ ಇಂಥ ಸುಳ್ಳುಗಳು ಇದ್ದದ್ದೇ. ಆದರೆ ಆ ದೃಶ್ಯದಲ್ಲಿ ಇನ್ನೂ ಒಂದು ಸುಳ್ಳಿದೆ, ಈ ಬರಹದ ವಿಷಯವೇ ಅದು. ಖಳನಾಯಕ ಗೋಲ್ಡ್‌ಫಿಂಗರ್ ಆಗಿ ಆ ಮಾತನ್ನು ಆಡಿದ ಮುಖ ಜರ್ಮನ್ ನಟ ಗೆರ್ಟ್ ಫ್ರೋಬೆ ಅವರದು. ಕಂಠ ಅವರದಲ್ಲ.

ನೂರಕ್ಕೂ ಹೆಚ್ಚು ಚಿತ್ರಗಳಲ್ಲಿ ನಟಿಸಿದವರ ಬದುಕನ್ನು ಬರೆಯಲು ಹೊರಟರೆ ಅದು ಸಾಮಾನ್ಯವಾಗಿ ಪಟ್ಟಿಯಾಗಿ ಮುಗಿಯುತ್ತದೆ. ಇಷ್ಟನೇ ಇಸವಿ, ಇಂಥ ಚಿತ್ರ, ಇಂಥ ಪಾತ್ರ, ಅಷ್ಟೆ. ಹಾಗಾಗಿ ಇಲ್ಲಿ ಫ್ರೋಬೆಯವರ ಇಡೀ ವೃತ್ತಿಜೀವನವನ್ನು ಒಂದೂವರೆ ವರ್ಷದ ಕಿಟಕಿಯಿಂದ ನೋಡುತ್ತಿದ್ದೇನೆ. 1964ರಲ್ಲಿ, ತಮ್ಮ ಬಾಯಿಂದ ಬಾರದ ಇಂಗ್ಲಿಷ್ ಮಾತುಗಳಿಂದ ಅವರು ಲೋಕಪ್ರಸಿದ್ಧರಾದರು. 1965ರ ಕೊನೆಯಲ್ಲಿ, ತಾವು ಹಾಗೆ ಹೇಳಲಿಲ್ಲವೆಂದು ಅವರು ತಳ್ಳಿಹಾಕಿದ ಒಂದೆರಡು ಇಂಗ್ಲಿಷ್ ವಾಕ್ಯಗಳಿಂದ ಒಂದು ದೇಶದಲ್ಲಿ ಅವರ ಚಿತ್ರಗಳಿಗೇ ನಿಷೇಧ ಬಿತ್ತು. ಎರಡೂ ಸಲ ಆ ಇಂಗ್ಲಿಷ್ ಬೇರೆ ಯಾರದೋ ಕೈ ದಾಟಿ ಬಂದದ್ದು.

ಕಾರ್ಲ್ ಗೆರ್ಹಾರ್ಟ್ ಫ್ರೋಬೆ ಹುಟ್ಟಿದ್ದು 1913ರ ಫೆಬ್ರವರಿ 25ರಂದು, ಸಾಕ್ಸೋನಿ ಪ್ರಾಂತ್ಯದ ಓಬರ್‌ಪ್ಲಾನಿಟ್ಸ್‌ನಲ್ಲಿ. ಈಗ ಅದು ಜ್ವಿಕಾವ್ ನಗರದ ಒಂದು ಬಡಾವಣೆ. ನಟನಾಗುವ ಮೊದಲು ಅವರು ಪಿಟೀಲು ವಾದಕ. ಕೆಂಪು ಕೂದಲಿನ ಹುಡುಗನಾದ್ದರಿಂದ ಊರಿನವರು ‘ಜ್ವಿಕಾವ್‌ನ ಕೆಂಪು ಪಿಟೀಲುಗಾರ’ ಎಂದು ಕರೆಯುತ್ತಿದ್ದರು. ಆಮೇಲೆ ಡ್ರೆಸ್ಡೆನ್‌ನ ಸರ್ಕಾರಿ ರಂಗಮಂದಿರದಲ್ಲಿ ಪರದೆ ಬರೆಯುವ ಕೆಲಸ ಕಲಿಯಲು ಸೇರಿಕೊಂಡರು. ಅಲ್ಲಿದ್ದ ಹಿರಿಯ ನಟ ಎರಿಕ್ ಪೊಂಟೊ ಈ ಹುಡುಗನನ್ನು ಶಿಷ್ಯನನ್ನಾಗಿ ಮಾಡಿಕೊಂಡು ಅಭಿನಯ ಕಲಿಸಿದರು. ವುಪ್ಪರ್ಟಾಲ್, ಫ್ರಾಂಕ್‌ಫರ್ಟ್ ಸುತ್ತಿ ಕೊನೆಗೆ ವಿಯೆನ್ನಾದ ಫೋಕ್ಸ್‌ಟಿಯಾಟರ್ ಸೇರಿದರು. 1944ರ ಸೆಪ್ಟೆಂಬರ್‌ನಲ್ಲಿ ಯುದ್ಧದ ನೆಪದಲ್ಲಿ ಜರ್ಮನ್ ಆಳ್ವಿಕೆಯ ರಂಗಮಂದಿರಗಳನ್ನೆಲ್ಲ ಮುಚ್ಚಿಸಿದಾಗ ಬಣ್ಣ ಕಳಚಿ ಸೈನ್ಯದ ಸಮವಸ್ತ್ರ ತೊಡಬೇಕಾಯಿತು.

ಇದೇ ವರ್ಷಗಳಲ್ಲಿ ಇನ್ನೊಂದು ಸಂಗತಿಯೂ ನಡೆದಿತ್ತು, ಆಗ ಯಾರೂ ಅದನ್ನು ಲೆಕ್ಕಕ್ಕೆ ಹಿಡಿದಿರಲಿಲ್ಲ. 1929ರಲ್ಲಿ, ಹದಿನಾರರ ವಯಸ್ಸಿನಲ್ಲಿ, ಈ ಪಿಟೀಲುಗಾರ ನಾಜಿ ಪಕ್ಷ ಸೇರಿದ್ದ. 1937ರಲ್ಲಿ ಬಿಟ್ಟ. ಸೇರಿದ್ದು ಹಿಟ್ಲರ್ ಅಧಿಕಾರಕ್ಕೆ ಬರುವುದಕ್ಕೆ ನಾಲ್ಕು ವರ್ಷ ಮೊದಲು. ಆದ್ದರಿಂದ ನೌಕರಿಗಾಗಿ, ಬಡ್ತಿಗಾಗಿ ಸೇರಿದ್ದೆಂಬ ಮಾಮೂಲಿ ಸಬೂಬು ಇಲ್ಲಿ ನಡೆಯುವುದಿಲ್ಲ. ಬಿಟ್ಟದ್ದು ಆ ಪಕ್ಷ ಮೆರೆಯುತ್ತಿದ್ದ ಕಾಲದಲ್ಲಿ. ಆದ್ದರಿಂದ ಹಡಗು ಮುಳುಗುವಾಗ ಹಾರಿದ ಇಲಿಯೆಂದೂ ಅನ್ನುವಂತಿಲ್ಲ. ಈ ಎರಡು ಇಸವಿಗಳನ್ನು ಓದುಗರು ನೆನಪಿಟ್ಟುಕೊಳ್ಳಬೇಕು.

ಯುದ್ಧ ಮುಗಿದಾಗ ಫ್ರೋಬೆ ಮೂವತ್ತೆರಡರ ಗಂಡಸು, ಕಡ್ಡಿಯ ಹಾಗೆ ಸಣಕಲು. ಗೋಲ್ಡ್‌ಫಿಂಗರ್‌ನ ಹೊಟ್ಟೆ ನೋಡಿದವರಿಗೆ ನಂಬುವುದು ಕಷ್ಟ. ಆದರೆ 1948ರ ‘ಬರ್ಲಿನರ್ ಬಲ್ಲಾಡೆ’ ಚಿತ್ರದಲ್ಲಿ ಅವರಿಗೆ ಪಾತ್ರ ಒದಗಿಸಿದ್ದು ಈ ಸಣಕಲು ಮೈಯೇ. ರೋಬರ್ಟ್ ಸ್ಟೆಮ್ಲೆ ನಿರ್ದೇಶನದ ಈ ಚಿತ್ರದ ನಾಯಕ, ಯುದ್ಧದಿಂದ ಪಾಳುಬಿದ್ದ ಬರ್ಲಿನ್‌ಗೆ ಮರಳುವ ಸಾಮಾನ್ಯ ಸೈನಿಕ. ಹೆಸರು ಒಟ್ಟೊ ನೋರ್ಮಾಲ್‌ಫೆರ್‌ಬ್ರೌಖರ್. ‘ನೋರ್ಮಾಲ್‌ಫೆರ್‌ಬ್ರೌಖರ್’ ಎಂಬುದು ಪಡಿತರ ಚೀಟಿಯಲ್ಲಿನ ಒಂದು ವರ್ಗ. ವಿಶೇಷ ಸವಲತ್ತಿಲ್ಲದವನು, ಎಲ್ಲರಿಗೆ ಸಿಗುವಷ್ಟೇ ಸಿಗುವವನು ಎಂದು ಅದರ ಅರ್ಥ. ನಮ್ಮಲ್ಲಿ ಯಾವನಾದರೂ ನಾಯಕನಿಗೆ ‘ಬಿಪಿಎಲ್ ಬಸಪ್ಪ’ ಎಂದು ಹೆಸರಿಟ್ಟರೆ ಹೇಗಿರುತ್ತದೋ ಹಾಗೆ. ಆ ಹೆಸರು ಚಿತ್ರವನ್ನು ದಾಟಿ ಭಾಷೆಗೇ ಸೇರಿಹೋಯಿತು. ಚಿತ್ರ ನೋಡಿರದ ಜರ್ಮನ್ನರು ಕೂಡ ಇಂದಿಗೂ ಜನಸಾಮಾನ್ಯನನ್ನು ‘ಒಟ್ಟೊ ನೋರ್ಮಾಲ್‌ಫೆರ್‌ಬ್ರೌಖರ್’ ಎನ್ನುತ್ತಾರೆ.

ಆಮೇಲಿನ ಹತ್ತು ವರ್ಷ ಅವರದು ಸಿಕ್ಕಿದ್ದನ್ನೆಲ್ಲ ಮಾಡಿದ ಬದುಕು. ಪೊಲೀಸ್, ಕೈಗಾರಿಕೋದ್ಯಮಿ, ಕುಡುಕ, ದಂಧೆಕೋರ. ಆರ್ಸನ್ ವೆಲ್ಸ್ ಚಿತ್ರದಲ್ಲೂ ಒಂದು ಪುಟ್ಟ ಪಾತ್ರ ಬಂದು ಹೋಯಿತು. ಜರ್ಮನಿಯ ಆರ್ಥಿಕತೆ ಚೇತರಿಸಿಕೊಂಡ ಹಾಗೆ ಫ್ರೋಬೆಯವರ ಮೈಯೂ ತುಂಬಿಕೊಂಡಿತು. ಎರಡರ ವೇಗವೂ ಒಂದೇ ಎಂದು ತಮಾಷೆಗೆ ಹೇಳಬಹುದು.

ಅವರನ್ನು ನಿಜವಾಗಿ ಎತ್ತಿ ನಿಲ್ಲಿಸಿದ್ದು 1958ರ ‘ಎಸ್ ಗೆಶಾ ಆಮ್ ಹೆಲ್ಲಿಷ್ಟೆನ್ ಟಾಗ್’. ಹಾಡಹಗಲೇ ನಡೆದುಹೋಯಿತು ಎಂದು ಆ ಹೆಸರಿನ ಅರ್ಥ. ಮಕ್ಕಳ ಮೇಲೆ ನಡೆಯುವ ಅಪರಾಧಗಳ ಬಗ್ಗೆ ಜನರನ್ನು ಎಚ್ಚರಿಸಲು ಸ್ವಿಸ್ ನಿರ್ಮಾಪಕ ಲಾಜಾರ್ ವೆಕ್ಸ್ಲರ್ ಈ ಚಿತ್ರ ಮಾಡಿಸಿದರು. ಕಥೆ ಬರೆದದ್ದು ನಾಟಕಕಾರ ಫ್ರೀಡ್ರಿಕ್ ಡ್ಯೂರೆನ್‌ಮಾಟ್, ನಿರ್ದೇಶಕ ಲಾದಿಸ್ಲಾವೊ ವಾಯ್ದ. ಕಾಡಿನಲ್ಲಿ ಒಂದು ಹೆಣ್ಣುಮಗುವಿನ ಕೊಲೆಯಾಗಿದೆ. ಸಾಯುವ ಮೊದಲು ಅದು ಬಿಡಿಸಿದ ಚಿತ್ರದಲ್ಲಿ ಒಬ್ಬ ದೈತ್ಯ, ಒಂದು ಕಪ್ಪು ಕಾರು, ಕೆಲವು ಮುಳ್ಳುಹಂದಿಗಳಿವೆ. ಪೊಲೀಸ್ ಅಧಿಕಾರಿ ಮಟ್ಟೆಯಿ ಆ ಚಿತ್ರದ ಬೆನ್ನು ಹತ್ತುತ್ತಾನೆ. ಮುಳ್ಳುಹಂದಿಯೆಂದರೆ ಮೈತುಂಬ ಮುಳ್ಳಿನಂತೆ ಚೂಪೆದ್ದ ಚಾಕೊಲೇಟ್ ಉಂಡೆ. ಮಗುವಿಗೆ ಅದನ್ನು ಕೊಟ್ಟವನು ಶ್ರೋಟ್, ಅಂದರೆ ಫ್ರೋಬೆ.

ಶ್ರೋಟ್ ತೆರೆಯ ಮೇಲೆ ಇರುವುದು ಸ್ವಲ್ಪವೇ ಹೊತ್ತು. ಆದರೆ ಆ ಹೊತ್ತಿನಲ್ಲಿ ಫ್ರೋಬೆ ಮಾಡಿದ ಕೆಲಸವನ್ನು ಹತ್ತಿರದಿಂದ ನೋಡಬೇಕು. ಮನೆಯಲ್ಲಿ ಅವನ ಹೆಂಡತಿ ಜಬರ್ದಸ್ತಿನವಳು, ಹಣದ ಗಂಟೂ ಅವಳದೇ. ಈ ಪಾತ್ರ ಮಾಡಿದವರು ಬೆರ್ಟಾ ಡ್ರೂಸ್, ಮುಂದೆ ಜರ್ಮನ್ ದೂರದರ್ಶನದಲ್ಲಿ ಮನೆಮಾತಾದ ನಟ ಗೋಟ್ಸ್ ಗೇಯೊರ್ಗೆ ಅವರ ತಾಯಿ. ಹೆಂಡತಿ ಗದರಿದಾಗ ಈ ಧಡಿಯ ಕುಗ್ಗುತ್ತಾನೆ. ಭುಜ ಒಳಕ್ಕೆ, ಗದ್ದ ಎದೆಗೆ, ಕೈ ಎಲ್ಲಿಡುವುದೆಂದು ತಿಳಿಯದೆ ಚಡಪಡಿಕೆ. ಅದೇ ಮೈ ಕಾಡಿನಲ್ಲಿ ಮಗುವಿನೆದುರು ಕೈಗೊಂಬೆ ಹಾಕಿಕೊಂಡು ಕೂತಾಗ ಅರಳುತ್ತದೆ. ಮೊದಲು ಅರಳುವುದು ಮುಖವಲ್ಲ, ಬೆರಳುಗಳು. ಪಿಟೀಲು ಹಿಡಿದ ಬೆರಳುಗಳಲ್ಲವೇ ಅವು? ನೋಡುಗನ ಹೊಟ್ಟೆಯಲ್ಲಿ ತಣ್ಣಗೆ ಏನೋ ಇಳಿಯುವುದು ಆ ಸಂತೋಷ ನಟನೆಯಲ್ಲ, ನಿಜ ಅನಿಸಿದಾಗ. ಆ ಚಿತ್ರದಲ್ಲಿ ಶ್ರೋಟ್ ಕಿರುಚಾಡಿ ಹೆದರಿಸುವುದಕ್ಕಿಂತ ಪುಸಲಾಯಿಸಿ ಹೆದರಿಸುವುದೇ ಹೆಚ್ಚು.

ಡ್ಯೂರೆನ್‌ಮಾಟ್‌ಗೆ ಚಿತ್ರದ ಕೊನೆ ಹಿಡಿಸಲಿಲ್ಲ. ಕೊಲೆಗಾರ ಸಿಕ್ಕಿಬೀಳುವುದು ತೀರಾ ಸಲೀಸಾಯಿತೆಂದು ಅದೇ ಕಥೆಯನ್ನು ಕಾದಂಬರಿಯಾಗಿ ಮತ್ತೆ ಬರೆದು, ಕೊಲೆಗಾರನನ್ನು ಕಾರು ಅಪಘಾತದಲ್ಲಿ ಸಾಯಿಸಿ, ಬಾರದವನಿಗಾಗಿ ಕಾದು ಕಾದು ಕೆಡುವ ಪತ್ತೇದಾರನನ್ನು ಉಳಿಸಿದರು. ಕಾದಂಬರಿ ದೊಡ್ಡದು, ಒಪ್ಪುತ್ತೇನೆ. ಆದರೆ ಅದನ್ನು ಓದುವಾಗಲೂ ಕಣ್ಣೆದುರು ಬರುವುದು ಫ್ರೋಬೆಯ ಬೆರಳುಗಳೇ.

ಬಾಂಡ್ ನಿರ್ಮಾಪಕರ ಗಮನ ಸೆಳೆದದ್ದೂ ಈ ಶ್ರೋಟ್. ಬಾಂಡ್ ಚಿತ್ರಕ್ಕೆ ಮುಂಚೆ ಫ್ರೋಬೆ, ನಿರ್ದೇಶಕ ಫ್ರಿಟ್ಸ್ ಲಾಂಗ್ ಅವರ ಕಟ್ಟಕಡೆಯ ಚಿತ್ರದಲ್ಲಿ ಪೊಲೀಸ್ ಅಧಿಕಾರಿಯಾಗಿದ್ದರು. 1962ರ ‘ದಿ ಲಾಂಗೆಸ್ಟ್ ಡೇ’ಯಲ್ಲಿ ನಾರ್ಮಂಡಿ ಕರಾವಳಿಯಲ್ಲಿ ಕುದುರೆಯೇರಿ ಕ್ಯಾನು ಹೊತ್ತು ಹೋಗುವ ಸಾರ್ಜೆಂಟ್ ಆಗಿದ್ದರು. ಪಾತ್ರದ ಹೆಸರೇ ಕಾಫಿ ಪಾತ್ರೆ, ‘ಕಾಫೆಕಾನೆ’. ಆ ಪಾತ್ರಕ್ಕೆ ಮಾತು ಇಲ್ಲವೆನ್ನುವಷ್ಟು ಕಡಿಮೆ. ಆದರೂ ಮೂರು ಗಂಟೆಯ ಚಿತ್ರ ನೋಡಿ ಬಂದವರಿಗೆ ಕುದುರೆಯ ಮೇಲಿನ ಆ ದಪ್ಪ ಬೆನ್ನು ನೆನಪಿರುತ್ತದೆ. 1963ರಲ್ಲಿ ‘ದ್ರೈಗ್ರೋಶೆನ್ ಓಪರ್’ ಚಿತ್ರದಲ್ಲಿ ಭಿಕ್ಷುಕರ ಧಣಿ ಪೀಚಮ್ ಆದರು. ಹೀಗೆ ಲಂಡನ್‌ಗೆ ಬರುವ ಹೊತ್ತಿಗೆ ಅವರ ಜೋಳಿಗೆಯಲ್ಲಿ ಎಲ್ಲವೂ ಇತ್ತು, ಇಂಗ್ಲಿಷ್ ಒಂದನ್ನು ಬಿಟ್ಟು.

ಪೈನ್‌ವುಡ್ ಸ್ಟುಡಿಯೋದಲ್ಲಿ ನಿರ್ದೇಶಕ ಗೈ ಹ್ಯಾಮಿಲ್ಟನ್‌ಗೆ ಇದು ಗೊತ್ತಾದದ್ದು ತಡವಾಗಿ. ಫ್ರೋಬೆ ಸಾಲುಗಳನ್ನು ಉಚ್ಚಾರಣೆಯ ಮೇಲೆ ಉರು ಹೊಡೆದು ಬಂದಿದ್ದರು. ಅರ್ಥ ಹಿಂದೆ, ಶಬ್ದ ಮುಂದೆ. ಮಾತು ತಡವರಿಸುತ್ತಾ ಹೊರಟರೆ ಮುಂದೆ ಬೇರೆಯವರ ದನಿ ಕೂರಿಸಲು ಆಗುವುದಿಲ್ಲವೆಂದು ಹ್ಯಾಮಿಲ್ಟನ್ ಬೇಗ ಬೇಗ ಹೇಳಿಸಿದರು. ಇಂಗ್ಲಿಷ್ ಪಾಠ ಹೇಳಿಕೊಟ್ಟವರು ನಿಕ್ಕಿ ವಾನ್ ಡರ್ ಜಿಲ್. ಅದೇ ಚಿತ್ರದಲ್ಲಿ ಮೈಗೆಲ್ಲ ಚಿನ್ನದ ಬಣ್ಣ ಬಳಿಸಿಕೊಂಡು ಸಾಯುವ ಶರ್ಲಿ ಈಟನ್‌ಗೂ ಕಂಠ ಕೊಟ್ಟ ಕಲಾವಿದೆ ಇವರೇ. ಮೊದಮೊದಲ ಬಾಂಡ್ ಚಿತ್ರಗಳ ಎಷ್ಟೋ ಸುಂದರಿಯರು ಮಾತಾಡಿದ್ದು ನಿಕ್ಕಿಯವರ ದನಿಯಲ್ಲಿ.

ನಿಕ್ಕಿ ಹುಟ್ಟಿದ್ದು ಬರ್ಲಿನ್‌ನಲ್ಲಿ, 1935ರಲ್ಲಿ. ತಂದೆ ಯಹೂದಿ ಧರ್ಮಗುರು. ಮಗಳು ಇನ್ನೂ ಚಿಕ್ಕವಳಿರುವಾಗಲೇ ಆ ಕುಟುಂಬ ನಾಜಿಗಳಿಂದ ತಪ್ಪಿಸಿಕೊಂಡು ಇಂಗ್ಲೆಂಡ್ ಸೇರಿತು. ಅದೇ ಚಿತ್ರದಲ್ಲಿ ಅಮೆರಿಕ ಸರ್ಕಾರ ತನ್ನ ಚಿನ್ನ ಇಡುವ ಫೋರ್ಟ್ ನಾಕ್ಸ್‌ನ ಕೋಟೆಯನ್ನು ಪೈನ್‌ವುಡ್‌ನಲ್ಲಿ ಕಟ್ಟಿ ನಿಲ್ಲಿಸಿದ ಕಲಾ ನಿರ್ದೇಶಕ ಕೆನ್ ಆಡಮ್ ಕೂಡ ಬರ್ಲಿನ್‌ನ ಯಹೂದಿ, ಹುಟ್ಟುಹೆಸರು ಕ್ಲೌಸ್. 1934ರಲ್ಲಿ ದೇಶ ಬಿಟ್ಟು, ಯುದ್ಧದಲ್ಲಿ ಬ್ರಿಟಿಷ್ ವಾಯುಪಡೆಯ ವಿಮಾನ ಹಾರಿಸಿ ಜರ್ಮನ್ನರ ವಿರುದ್ಧ ಹೋರಾಡಿದವರು. ಅಂದರೆ 1964ರ ಆ ಸ್ಟುಡಿಯೋದಲ್ಲಿ ಮಾಜಿ ನಾಜಿ ಪಕ್ಷದ ಸದಸ್ಯನೊಬ್ಬ, ಆ ಪಕ್ಷ ಊರುಬಿಡಿಸಿದ ಮನೆಯ ಮಗಳಿಂದ ಉಚ್ಚಾರಣೆ ಕಲಿಯುತ್ತಾ, ಆ ಪಕ್ಷ ಊರುಬಿಡಿಸಿದ ಮತ್ತೊಬ್ಬರು ಕಟ್ಟಿದ ಸೆಟ್ಟಿನಲ್ಲಿ ನಿಂತು ಖಳನ ಪಾತ್ರ ಮಾಡುತ್ತಿದ್ದ. ಕಥೆಗಾರ ಹೀಗೆ ಬರೆದರೆ ಅತಿಯಾಯಿತೆಂದು ಸಂಪಾದಕರು ಹೊಡೆದುಹಾಕುತ್ತಾರೆ.

ಚಿತ್ರದೊಳಗೂ ಇಂಥದೇ ಒಂದು ಗಟ್ಟಿಯಿದೆ. ಗಾಲ್ಫ್ ಮೈದಾನದಲ್ಲಿ ಗೋಲ್ಡ್‌ಫಿಂಗರ್‌ನನ್ನು ಬಲೆಗೆ ಬೀಳಿಸಲು ಬಾಂಡ್ ಒಂದು ಚಿನ್ನದ ಗಟ್ಟಿಯನ್ನು ಹುಲ್ಲಿನ ಮೇಲೆ ಹಾಕುತ್ತಾನೆ. ಅದು ನಾಜಿಗಳ ಕಾಲದ ಚಿನ್ನ, ಆಸ್ಟ್ರಿಯದ ಟೋಪ್ಲಿಟ್ಸ್ ಸರೋವರದಲ್ಲಿ ಮುಳುಗಿದ ನಿಧಿಯದ್ದೆಂದು ಕಥೆ. ಫ್ರೋಬೆ ಆ ಗಟ್ಟಿ ನೋಡುವ ರೀತಿಯನ್ನು ಗಮನಿಸಿ: ಹೊಡೆತಕ್ಕೆ ಸಿದ್ಧವಾಗಿದ್ದ ಕೈ ನಿಲ್ಲುತ್ತದೆ, ಚೆಂಡಿನ ಮೇಲಿದ್ದ ಕಣ್ಣು ಜಾರುತ್ತದೆ, ಹಸಿದ ಮಗು ಹೋಳಿಗೆ ಕಂಡಂತೆ ತುಟಿ ಸ್ವಲ್ಪ ಬಿರಿಯುತ್ತದೆ. ಇಲ್ಲಿ ಮಾತಿನ ಅಗತ್ಯವೇ ಬೀಳುವುದಿಲ್ಲ. ಇಂಗ್ಲಿಷ್ ಬಾರದ ನಟನನ್ನು ಅವರು ಉಳಿಸಿಕೊಂಡದ್ದು ಏಕೆಂದು ಆ ಒಂದು ನೋಟ ಹೇಳುತ್ತದೆ.

ಕೊನೆಗೆ ಇಂಗ್ಲಿಷ್ ಆವೃತ್ತಿಗೆ ಕಂಠ ಕೊಟ್ಟವರು ಬ್ರಿಟಿಷ್ ನಟ ಮೈಕೆಲ್ ಕಾಲಿನ್ಸ್. ತೆರೆಯ ಮೇಲಿನ ಹೆಸರುಗಳ ಸಾಲಿನಲ್ಲಿ ಅವರ ಹೆಸರಿಲ್ಲ. ಅಪೊಲೊ 11ರಲ್ಲಿ ಜೊತೆಗಾರರನ್ನು ಚಂದ್ರನ ಮೇಲೆ ಇಳಿಸಿ ತಾನು ಮಾತ್ರ ಸುತ್ತುತ್ತಾ ಉಳಿದ ಮೈಕೆಲ್ ಕಾಲಿನ್ಸ್ ಬೇರೆ. ಹೆಸರು ಒಂದೇ, ಹಣೆಬರಹವೂ ಸುಮಾರು ಅದೇ. ಡಬ್ಬಿಂಗ್ ಕಲಾವಿದರ ಕಷ್ಟ ಕನ್ನಡಿಗರಿಗೆ ಬಿಡಿಸಿ ಹೇಳಬೇಕಾಗಿಲ್ಲ. ನಾವು ಅದನ್ನು ಕಂಠದಾನ ಎನ್ನುತ್ತೇವೆ. ದಾನ ಕೊಟ್ಟವನನ್ನು ನೆನೆಯುವುದು ಕಡಿಮೆ ಎನ್ನುವುದೂ ಆ ಪದದಲ್ಲೇ ಅಡಗಿದೆಯೇನೋ.

ಕಾಲಿನ್ಸ್ ಒಳ್ಳೆಯ ಕೆಲಸ ಮಾಡಿದರು. ಕಂಠದಾನದಿಂದ ಫ್ರೋಬೆಗೆ ಅನ್ಯಾಯವಾಯಿತೆಂದು ವಾದಿಸುವವರಿದ್ದಾರೆ, ನನಗೆ ಹಾಗೆ ಅನಿಸುವುದಿಲ್ಲ. ನಿಜವಾದ ವಿಚಿತ್ರ ಇರುವುದು ಜರ್ಮನ್ ಆವೃತ್ತಿಯಲ್ಲಿ. ಅಲ್ಲಿ ಫ್ರೋಬೆ ತಮ್ಮ ಪಾತ್ರಕ್ಕೆ ತಾವೇ ದನಿ ಕೊಟ್ಟರು. ಆದರೆ ಚಿತ್ರೀಕರಣದಲ್ಲಿ ಅವರ ತುಟಿ ಆಡಿದ್ದು ಇಂಗ್ಲಿಷ್‌ನಲ್ಲಿ! ಅರ್ಥ ಗೊತ್ತಿಲ್ಲದೆ ಉರು ಹೊಡೆದ ಇಂಗ್ಲಿಷ್ ತುಟಿಗಳ ಮೇಲೆ, ಅರ್ಥ ಗೊತ್ತಿದ್ದ ಸ್ವಂತ ಜರ್ಮನ್ ಮಾತನ್ನು ಅಳೆದು ಕತ್ತರಿಸಿ ಕೂರಿಸಬೇಕಾಯಿತು. ತಾನೇ ತನಗೆ ಡಬ್ಬಿಂಗ್ ಕಲಾವಿದ. ಆ ಚಿತ್ರದಲ್ಲಿ ಮೊದಲಿಂದ ಕೊನೆಯವರೆಗೆ ಫ್ರೋಬೆಯ ಮುಖವೂ ಕಂಠವೂ ಒಂದೇ ಗಳಿಗೆಯಲ್ಲಿ ಒಂದೇ ಮಾತನ್ನಾಡಿದ ಆವೃತ್ತಿ ಜಗತ್ತಿನಲ್ಲಿ ಎಲ್ಲಿಯೂ ಇಲ್ಲ.

1965ರ ಬೇಸಿಗೆಯಲ್ಲಿ ‘ದೋಸ್ ಮ್ಯಾಗ್ನಿಫಿಸೆಂಟ್ ಮೆನ್ ಇನ್ ದೇರ್ ಫ್ಲೈಯಿಂಗ್ ಮೆಷಿನ್ಸ್’ ಬಂತು. 1910ರ ವಿಮಾನ ಪಂದ್ಯದ ಹಾಸ್ಯಚಿತ್ರ. ಫ್ರೋಬೆ ಇದರಲ್ಲಿ ಕರ್ನಲ್ ಫಾನ್ ಹೋಲ್‌ಸ್ಟೈನ್. ವಿಮಾನ ಹಾರಿಸಲು ಬಾರದಿದ್ದರೂ ಕೈಪಿಡಿ ಇದ್ದರೆ ಜರ್ಮನ್ ಅಧಿಕಾರಿಗೆ ಆಗದ ಕೆಲಸವಿಲ್ಲವೆಂದು ಪುಟ ತಿರುವುತ್ತಲೇ ಮೇಲೇರುವ ಮಹಾಶಯ. ಜರ್ಮನ್ನರೇ ಜರ್ಮನ್ ಶಿಸ್ತನ್ನು ಹೀಗೆ ಗೇಲಿ ಮಾಡಿಕೊಂಡದ್ದು ಬ್ರಿಟಿಷ್ ಪ್ರೇಕ್ಷಕರಿಗೆ ಬಹಳ ಹಿತವಾಯಿತು. ಫ್ರೋಬೆ ಈಗ ಎಲ್ಲರಿಗೂ ಬೇಕಾದ ಜರ್ಮನ್.

ಅದೇ ವರ್ಷದ ಕೊನೆಯಲ್ಲಿ ಲಂಡನ್‌ನ ಪತ್ರಿಕೆಯೊಂದರಲ್ಲಿ ಅವರ ಸಂದರ್ಶನ ಬಂತು. ತಾನು ನಾಜಿಯಾಗಿದ್ದೆ, ಅದರಲ್ಲೇನು ಆಶ್ಚರ್ಯ ಎಂಬ ಧಾಟಿಯ ಮಾತು ಅವರ ಹೆಸರಿನಲ್ಲಿ ಅಚ್ಚಾಯಿತು. ಕಾಲ ಎಂಥದು ನೋಡಿ. ಆಶ್‌ವಿಟ್ಸ್ ಶಿಬಿರದ ಸಿಬ್ಬಂದಿಯ ಮೇಲೆ ಫ್ರಾಂಕ್‌ಫರ್ಟ್‌ನಲ್ಲಿ ನಡೆದ ವಿಚಾರಣೆ ಆ ಆಗಸ್ಟ್‌ನಲ್ಲಷ್ಟೇ ಮುಗಿದಿತ್ತು. ಇಸ್ರೇಲ್ ಮತ್ತು ಪಶ್ಚಿಮ ಜರ್ಮನಿ ರಾಜತಾಂತ್ರಿಕ ಸಂಬಂಧ ಬೆಳೆಸಿದ್ದು ಆ ಮೇ ತಿಂಗಳಲ್ಲಿ, ಅದೂ ದೊಡ್ಡ ಪ್ರತಿಭಟನೆಗಳ ನಡುವೆ. ಗಾಯದ ಮೇಲೆ ಇನ್ನೂ ಪೊರೆ ಕಟ್ಟಿರಲಿಲ್ಲ. ಇಸ್ರೇಲ್‌ನಲ್ಲಿ ಫ್ರೋಬೆ ಚಿತ್ರಗಳಿಗೆ ನಿಷೇಧ ಬಿತ್ತು.

ತಾನು ಹೇಳಿದ್ದು ಬೇರೆ ಎಂದು ಫ್ರೋಬೆ ಸ್ಪಷ್ಟನೆ ಕೊಟ್ಟರು. ನಾಜಿ ಪಕ್ಷದ ಸದಸ್ಯನಾಗಿದ್ದರೂ ಆ ಕಾಲದಲ್ಲಿ ಇಬ್ಬರು ಯಹೂದಿಗಳಿಗೆ ನೆರವಾಗುವ ಭಾಗ್ಯ ತನಗೆ ಸಿಕ್ಕಿತ್ತು ಎಂಬುದು ತನ್ನ ಮಾತು, ಅದರ ಅರ್ಧ ಮಾತ್ರ ಅಚ್ಚಾಯಿತು ಎಂದರು. ಇಂಥ ಸ್ಪಷ್ಟನೆಗಳನ್ನು ಯಾರು ನಂಬುತ್ತಾರೆ? ಆ ದಿನಗಳಲ್ಲಿ ಪ್ರತಿಯೊಬ್ಬ ಜರ್ಮನ್ನನ ಜೇಬಿನಲ್ಲೂ ತಾನು ಉಳಿಸಿದ ಒಬ್ಬ ಯಹೂದಿಯ ಕಥೆ ಇರುತ್ತಿತ್ತು. ನಾನು ಆಗ ಪತ್ರಿಕೆಯಲ್ಲಿದ್ದಿದ್ದರೆ ನಾನೂ ನಂಬುತ್ತಿರಲಿಲ್ಲ.

ಆದರೆ ಕೆಲವೇ ವಾರಗಳಲ್ಲಿ ಒಬ್ಬ ಯಹೂದಿ ವಿಯೆನ್ನಾದ ಇಸ್ರೇಲ್ ರಾಯಭಾರ ಕಚೇರಿಗೆ ತಾವಾಗಿ ತಿಳಿಸಿದರು: ಯುದ್ಧಕಾಲದಲ್ಲಿ ತನ್ನನ್ನೂ ತನ್ನ ತಾಯಿಯನ್ನೂ ನಾಜಿಗಳ ಗುಪ್ತ ಪೊಲೀಸ್ ಪಡೆ ಗೆಸ್ಟಾಪೊ ಕೈಗೆ ಸಿಗದಂತೆ ಬಚ್ಚಿಟ್ಟು ಕಾಪಾಡಿದ್ದು ಈ ನಟ. ನಿಷೇಧ ತೆಗೆದುಹಾಕಿದರು.

ಪ್ರಕರಣದ ತಿರುಳು ಇಲ್ಲಿದೆ. ತಮ್ಮ ಪರವಾಗಿ ಫ್ರೋಬೆ ಹೇಳಿದ ಮಾತು ಕೆಲಸಕ್ಕೆ ಬರಲಿಲ್ಲ. ಕೆಲಸಕ್ಕೆ ಬಂದದ್ದು ಮತ್ತೊಬ್ಬರು ಕೊಟ್ಟ ದನಿ. ಗೋಲ್ಡ್‌ಫಿಂಗರ್‌ಗೆ ಕಾಲಿನ್ಸ್ ಕಂಠ ಕೊಟ್ಟ ಹಾಗೆ, ಫ್ರೋಬೆಯ ಭೂತಕಾಲಕ್ಕೆ ಬದುಕುಳಿದ ಆ ಮನುಷ್ಯ ಕಂಠ ಕೊಟ್ಟರು. ಇಬ್ಬರನ್ನು ಬಚ್ಚಿಟ್ಟದ್ದು ಮಾತಿನಿಂದ ಮಾಡಿದ ಕೆಲಸವಲ್ಲ, ಬಾಯಿ ಬಿಗಿಹಿಡಿದು ಮಾಡಿದ ಕೆಲಸ. ಮಾಡಿದವನೇ ಹೇಳಿಕೊಂಡರೆ ಅದರ ಬೆಲೆ ಅರ್ಧಕ್ಕೆ ಇಳಿಯುತ್ತದೆ, ಉಪಕಾರ ಪಡೆದವರು ಹೇಳಿದರೆ ಮಾತ್ರ ಪೂರ್ತಿ ನಿಲ್ಲುತ್ತದೆ.

ಹಾಗೆಂದು 1929 ಅಳಿಸಿಹೋಗುವುದಿಲ್ಲ. ಇಬ್ಬರನ್ನು ಉಳಿಸಿದ್ದು ಜಮಾ ಬದಿಗೆ, ಎಂಟು ವರ್ಷದ ಸದಸ್ಯತ್ವ ಖರ್ಚಿನ ಬದಿಗೆ ಎಂದು ಕೂಡಿ ಕಳೆಯುವ ಲೆಕ್ಕ ಇದಲ್ಲ. ಹದಿನಾರರ ಹುಡುಗ ಸೇರಿದ್ದು ನಿಜ, ಇಪ್ಪತ್ತನಾಲ್ಕರ ಯುವಕ ಬಿಟ್ಟದ್ದು ನಿಜ, ನಟನೊಬ್ಬ ಪ್ರಾಣಾಪಾಯ ಲೆಕ್ಕಿಸದೆ ಬಾಗಿಲು ತೆರೆದದ್ದೂ ನಿಜ. ಮೂವರೂ ಒಬ್ಬನೇ. ಅಭಿಮಾನಿಗಳು ಮೂರನೆಯದನ್ನು ಮಾತ್ರ ಹೇಳುತ್ತಾರೆ, ವಿರೋಧಿಗಳು ಮೊದಲನೆಯದನ್ನು ಮಾತ್ರ. ಎರಡನೆಯದನ್ನು ಯಾರೂ ಹೇಳುವುದಿಲ್ಲ, ನನಗೆ ಹೆಚ್ಚು ಕುತೂಹಲವಿರುವುದು ಅದರಲ್ಲೇ.

ಹೋಲಿಕೆಗೆ ಇನ್ನೊಬ್ಬ ನಟರನ್ನು ನೋಡಬಹುದು. ಹೋರ್ಸ್ಟ್ ಟಾಪ್ಪರ್ಟ್ 1974ರಿಂದ 1998ರವರೆಗೆ ‘ಡೆರಿಕ್’ ಧಾರಾವಾಹಿಯ 281 ಕಂತುಗಳಲ್ಲಿ ಮ್ಯೂನಿಕ್‌ನ ಪೊಲೀಸ್ ಅಧಿಕಾರಿಯಾಗಿದ್ದರು. ದುಃಖ ತುಂಬಿದ ಕಣ್ಣು, ಮೆಲುದನಿ, ಕೋಟು. ನೂರಕ್ಕೂ ಹೆಚ್ಚು ದೇಶಗಳಿಗೆ ಹೋದ ಆ ಮುಖ ಯುದ್ಧಾನಂತರದ ಸಜ್ಜನ ಜರ್ಮನಿಯ ಮುಖವೇ ಆಗಿತ್ತು. 2008ರಲ್ಲಿ ತೀರಿಕೊಂಡರು. 2013ರಲ್ಲಿ ಸಂಶೋಧಕರೊಬ್ಬರು ಹಳೆಯ ಕಡತಗಳಲ್ಲಿ ಅವರ ಹೆಸರನ್ನು ಕಂಡರು: ನಾಜಿ ಪಕ್ಷದ ಸಶಸ್ತ್ರ ಪಡೆಯಾದ ವಾಫೆನ್ ಎಸ್‌ಎಸ್, ಟೋಟೆನ್‌ಕೋಪ್ಫ್ ವಿಭಾಗ, 1943. ಅಲ್ಲಿ ಅವರು ಏನು ಮಾಡಿದರೆಂದು ಕಡತ ಹೇಳುವುದಿಲ್ಲ, ಟಾಪ್ಪರ್ಟ್ ಬದುಕಿರುವಾಗ ಅದನ್ನು ಹೇಳಿರಲೂ ಇಲ್ಲ. ಜರ್ಮನ್ ವಾಹಿನಿ ಧಾರಾವಾಹಿಯ ಮರುಪ್ರಸಾರ ನಿಲ್ಲಿಸಿತು. ಫ್ರೋಬೆ ಒರಟೊರಟಾಗಿ ಹೇಳಿ ಪೆಟ್ಟು ತಿಂದರು, ಟಾಪ್ಪರ್ಟ್ ಹೇಳದೆ ಐವತ್ತು ವರ್ಷ ಗೌರವದಿಂದ ಬದುಕಿದರು. ಟಾಪ್ಪರ್ಟ್‌ಗಾಗಿ ಯಾವ ರಾಯಭಾರ ಕಚೇರಿಯ ಬಾಗಿಲನ್ನೂ ಯಾರೂ ತಟ್ಟಲಿಲ್ಲ.

ನಿಷೇಧ ಹೋದ ವರ್ಷವೇ, 1966ರಲ್ಲಿ, ‘ಪ್ಯಾರಿಸ್ ಬ್ರೂಲ್ ತಿಲ್’ ಎಂಬ ಫ್ರೆಂಚ್ ಚಿತ್ರದಲ್ಲಿ ಫ್ರೋಬೆ ಜನರಲ್ ಫಾನ್ ಶೋಲ್ಟಿಟ್ಸ್ ಪಾತ್ರ ಮಾಡಿದರು. ಪ್ಯಾರಿಸ್ ನಗರವನ್ನು ಸುಟ್ಟುಹಾಕೆಂದು ಹಿಟ್ಲರ್ ಕೊಟ್ಟ ಆದೇಶವನ್ನು ಜಾರಿಮಾಡದೆ 1944ರ ಆಗಸ್ಟ್ 25ರಂದು ಶರಣಾದ ಸೇನಾಧಿಕಾರಿ ಈತ. ಅವನದು ಅಂತಃಕರಣವೋ ಲೆಕ್ಕಾಚಾರವೋ ಎಂದು ಇತಿಹಾಸಕಾರರು ಈಗಲೂ ಜಗಳಾಡುತ್ತಾರೆ. ತಡವಾಗಿ, ಅರ್ಧಂಬರ್ಧವಾಗಿ ಸರಿಯಾದದ್ದನ್ನು ಮಾಡಿದ ಜರ್ಮನ್ನನ ಪಾತ್ರ ಆ ವರ್ಷವೇ ಫ್ರೋಬೆ ಪಾಲಿಗೆ ಬಂದದ್ದು ಕಾಕತಾಳೀಯ ಇರಬಹುದು. ನನಗಂತೂ ಅದು ಅವರ ಅತ್ಯುತ್ತಮ ಅಭಿನಯಗಳಲ್ಲೊಂದು. ಅಲ್ಲಿ ದಪ್ಪ ದೇಹವೂ ದಣಿದಂತೆ ಕಾಣುತ್ತದೆ.

ಆಮೇಲೆ 1968ರ ‘ಚಿಟ್ಟಿ ಚಿಟ್ಟಿ ಬ್ಯಾಂಗ್ ಬ್ಯಾಂಗ್’. ಮಕ್ಕಳಿಗೇ ನಿಷೇಧವಿರುವ ವಲ್ಗೇರಿಯ ಎಂಬ ದೇಶದ ದೊರೆ ಬ್ಯಾರನ್ ಬಾಂಬರ್ಸ್ಟ್ ಅವರ ಪಾತ್ರ. ಚಿತ್ರಕ್ಕೆ ಆಧಾರ ಮತ್ತೆ ಫ್ಲೆಮಿಂಗ್ ಅವರ ಪುಸ್ತಕವೇ, ಈ ದೊರೆ ಮಾತ್ರ ಅದರಲ್ಲಿಲ್ಲ. ಮಕ್ಕಳೆಂದರೆ ಆಗದ ಈ ದೊರೆಗೆ ಆಟಿಕೆ ಎಂದರೆ ಪ್ರಾಣ. ಮನೆಯಲ್ಲಿ ಹೆಂಡತಿ ಬೇಡ, ಅವಳನ್ನು ತೊಲಗಿಸಲು ಹೊಂಚು ಹಾಕುತ್ತಲೇ ಅವಳೊಂದಿಗೆ ಮುದ್ದುಮುದ್ದಾಗಿ ಹಾಡುತ್ತಾನೆ. ಗಮನಿಸಿದರೆ ಇದು ಅದೇ ಶ್ರೋಟ್, ಹೆಂಡತಿ, ಆಟಿಕೆ, ಮಕ್ಕಳ ದ್ವೇಷ ಸಮೇತ. ಹತ್ತು ವರ್ಷದಲ್ಲಿ ತಿರುಚಿ ನಗೆಪಾಟಲಾಗಿದ್ದಾನೆ. 1974ರಲ್ಲಿ ಓಟ್‌ಫ್ರೀಡ್ ಪ್ರಾಯ್ಸ್ಲರ್ ಅವರ ಮಕ್ಕಳ ಕಥೆಯ ‘ರಾಯ್ಬರ್ ಹೋಟ್ಸೆನ್‌ಪ್ಲೋಟ್ಸ್’ ಆದರು. ಗರಿಯ ಟೋಪಿ, ದೊಡ್ಡ ಗಡ್ಡ, ಸೊಂಟದಲ್ಲಿ ಏಳು ಚೂರಿ, ಅಜ್ಜಿಯ ಕಾಫಿ ಬೀಸುವ ಯಂತ್ರ ಕದಿಯುವ ಕಳ್ಳ. 1958ರಲ್ಲಿ ಮಕ್ಕಳನ್ನು ಯಾರ ಹೆಸರು ಹೇಳಿ ಹೆದರಿಸಬಹುದಿತ್ತೋ, ಅದೇ ಮುಖ ನೋಡಿ 1974ರ ಮಕ್ಕಳು ಬಿದ್ದುಬಿದ್ದು ನಕ್ಕರು.

ಉಳಿದದ್ದನ್ನು ಬೇಗ ಹೇಳಬಹುದು. ವಿಸ್ಕಾಂಟಿ ಅವರ ‘ಲುಡ್ವಿಗ್’ನಲ್ಲಿ ಪಾದ್ರಿ, 1977ರಲ್ಲಿ ಬರ್ಗ್‌ಮನ್ ಅವರ ‘ದಿ ಸರ್ಪೆಂಟ್ಸ್ ಎಗ್’ನಲ್ಲಿ ಪೊಲೀಸ್ ಅಧಿಕಾರಿ. ಎಂಬತ್ತರ ದಶಕಕ್ಕೆ ಕ್ಯಾನ್ಸರ್ ಬಂತು. ಜರ್ಮನ್ ಮನೆಮನೆಯ ದೂರದರ್ಶನದಲ್ಲಿ ಜನಪ್ರಿಯವಾಗಿದ್ದ ‘ಶ್ವಾರ್ಟ್ಸ್‌ವಾಲ್ಡ್ ಕ್ಲಿನಿಕ್’ ಎಂಬ ಆಸ್ಪತ್ರೆ ಧಾರಾವಾಹಿಯಲ್ಲಿ ಕಾಣಿಸಿಕೊಂಡದ್ದು ಅವರ ಕೊನೆಯ ಕೆಲಸಗಳಲ್ಲೊಂದು. 1988ರ ಸೆಪ್ಟೆಂಬರ್ 5ರಂದು ಮ್ಯೂನಿಕ್‌ನಲ್ಲಿ ತೀರಿಕೊಂಡರು. ವಯಸ್ಸು 75. ಸಮಾಧಿ ಇರುವುದು ಮ್ಯೂನಿಕ್ ದಕ್ಷಿಣದ ಇಕಿಂಗ್ ಎಂಬ ಸಣ್ಣ ಊರಿನಲ್ಲಿ.

ಸಿನಿಮಾಗಳ ನಡುವೆ ಅವರು ಬಿಡದೆ ನಡೆಸಿಕೊಂಡು ಬಂದ ಒಂದು ಕೆಲಸವಿತ್ತು, ಜರ್ಮನಿಯ ಹೊರಗೆ ಅದನ್ನು ಬಲ್ಲವರು ಕಡಿಮೆ. ಕ್ರಿಸ್ಟಿಯಾನ್ ಮೋರ್ಗನ್‌ಸ್ಟೆರ್ನ್ ಎಂಬ ಕವಿಯ ತುಂಟ ಪದ್ಯಗಳನ್ನು ವೇದಿಕೆಯ ಮೇಲೆ ಒಬ್ಬರೇ ನಿಂತು ಓದುತ್ತಿದ್ದರು. ಅಲ್ಲಿ ಇಂಗ್ಲಿಷ್ ಇಲ್ಲ, ಬಾಂಡ್ ಇಲ್ಲ, ತುಟಿಗೆ ತಕ್ಕಂತೆ ಮಾತು ಹೊಂದಿಸುವ ಗೋಜಿಲ್ಲ. ಪ್ರಾಸಕ್ಕಾಗಿಯೇ ಕಲ್ಲಿನ ಮೇಲೆ ಕುಳಿತ ಮುಂಗುಸಿಯಂಥ ಪ್ರಾಣಿ, ಮಂಡಿಯೊಂದೇ ಲೋಕ ಸುತ್ತುವ ಕಥೆ, ಇಂಥವು ಆ ಪದ್ಯಗಳು. ಅದೇ ಕವಿಯ ಸಂಕಲನದಲ್ಲಿ ‘ಮೀನಿನ ಇರುಳ ಹಾಡು’ ಎಂಬುದೊಂದಿದೆ. ಹದಿಮೂರು ಸಾಲು, ಒಂದೇ ಒಂದು ಅಕ್ಷರವಿಲ್ಲ. ಗೀಟು ಮತ್ತು ಬಾಗಿದ ಗೆರೆ, ಗೀಟು ಮತ್ತು ಬಾಗಿದ ಗೆರೆ, ಬಾಯಿ ಮುಚ್ಚಿ ತೆರೆಯುವ ಮೀನಿನ ಹಾಗೆ.